ಆ ಒಬ್ಬರು ಯಾರು?

ಬ್ರೇಕು ಹಿಡಿಯದ ಟ್ರಾಮೊಂದು ಹಳಿಯ ಮೇಲಿರುವ ಐವರತ್ತ ಬರುತ್ತಿದೆ. ಚಾಲಕ ಅದನ್ನು ಪಕ್ಕದ ಹಳಿಗೆ ತಿರುಗಿಸಿದರೆ ಅಲ್ಲಿರುವ ಒಬ್ಬ ಸಾಯುತ್ತಾನೆ, ಐವರು ಉಳಿಯುತ್ತಾರೆ. ಬ್ರಿಟಿಷ್ ತತ್ತ್ವಜ್ಞಾನಿ ಫಿಲಿಪ್ಪಾ ಫುಟ್ 1967ರಲ್ಲಿ ಮುಂದಿಟ್ಟ ಈ ಪ್ರಸಂಗಕ್ಕೆ ಹೆಚ್ಚಿನವರು ‘ತಿರುಗಿಸಲಿ’ ಎಂದೇ ಉತ್ತರಿಸುತ್ತಾರೆ. ಐದು ಒಂದಕ್ಕಿಂತ ದೊಡ್ಡದು ಎಂಬುದರಲ್ಲಿ ನನಗೂ ತಕರಾರಿಲ್ಲ. ಆದರೆ ಉತ್ತರ ಇಷ್ಟು ಸಲೀಸಾಗಿ ಬರುವುದು ಆ ಆರು ಜನರಿಗೆ ಹೆಸರು, ಊರು, ಬಂಧುಬಳಗ ಯಾವುದೂ ಇಲ್ಲದಿರುವುದರಿಂದ ಎಂದು ನನ್ನ ಅನುಮಾನ.

ಲೆಕ್ಕವೇ ನಿರ್ಣಾಯಕ ಎನ್ನುವುದಾದರೆ, ಇದೇ ಚರ್ಚೆಯಲ್ಲಿ ಬರುವ ಇನ್ನೊಂದು ಪ್ರಸಂಗವನ್ನೂ ಒಪ್ಪಬೇಕಾಗುತ್ತದೆ. ವೈದ್ಯನೊಬ್ಬ ಆರೋಗ್ಯವಂತನೊಬ್ಬನನ್ನು ಕೊಂದು, ಅವನ ಅಂಗಾಂಗಗಳಿಂದ ಐವರು ರೋಗಿಗಳನ್ನು ಬದುಕಿಸಬಹುದೆ? ಟ್ರಾಮು ತಿರುಗಿಸಿದವರೂ ಇಲ್ಲಿ ಹಿಂದೆ ಸರಿಯುತ್ತಾರೆ. ಸಂಖ್ಯೆ ಅದೇ ಇದೆ. ಹಾಗಾದರೆ ನಮ್ಮ ತೀರ್ಮಾನವನ್ನು ನಡೆಸುತ್ತಿದ್ದದ್ದು ಸಂಖ್ಯೆಯೊಂದೇ ಅಲ್ಲ.

ಕಲ್ಪಿತ ಹಳಿಯ ಮೇಲೆ ‘ಆ ಒಬ್ಬ’ ಆಕಸ್ಮಿಕವಾಗಿ ನಿಂತಿರುತ್ತಾನೆ. ನಿಜಜೀವನದಲ್ಲಿ ಹಾಗಲ್ಲ, ಅವನನ್ನು ಯಾರೋ ಆರಿಸಿರುತ್ತಾರೆ. 1884ರಲ್ಲಿ ಇಂಗ್ಲೆಂಡಿನಿಂದ ಆಸ್ಟ್ರೇಲಿಯಾಕ್ಕೆ ಹೊರಟಿದ್ದ ಮಿನ್ಯೊನೆಟ್ ಎಂಬ ಸಣ್ಣ ಹಡಗು ಅಟ್ಲಾಂಟಿಕ್‌ನಲ್ಲಿ ಮುಳುಗಿತು. ಕಪ್ತಾನ ಡಡ್ಲಿ, ಸ್ಟೀಫನ್ಸ್, ಬ್ರೂಕ್ಸ್ ಮತ್ತು 17 ವರ್ಷದ ಕೆಲಸದ ಹುಡುಗ ರಿಚರ್ಡ್ ಪಾರ್ಕರ್ ದೋಣಿಯೊಂದರಲ್ಲಿ ಉಳಿದರು. ಜೊತೆಗಿದ್ದದ್ದು ಎರಡು ಡಬ್ಬಿ ಟರ್ನಿಪ್, ಕುಡಿಯುವ ನೀರಿಲ್ಲ. ಯಾರು ಸಾಯಬೇಕೆಂದು ಚೀಟಿ ಎತ್ತುವ ಮಾತು ಬಂದರೂ ಎತ್ತಲಿಲ್ಲ. ಸಮುದ್ರದ ನೀರು ಕುಡಿದು ನಿತ್ರಾಣನಾಗಿ ಬಿದ್ದಿದ್ದ ಹುಡುಗನನ್ನು ಡಡ್ಲಿ, ಸ್ಟೀಫನ್ಸ್‌ನ ಒಪ್ಪಿಗೆ ಪಡೆದು, ಕೊಂದ. ಮೂವರೂ ಅವನ ಮಾಂಸ ತಿಂದು ಬದುಕಿದರು. ನಾಲ್ಕು ದಿನಗಳ ಮೇಲೆ ಹಡಗೊಂದು ಬಂದು ಅವರನ್ನು ಕಾಪಾಡಿತು. ನಮಗೆ ಹೆಂಡತಿ ಮಕ್ಕಳಿದ್ದಾರೆ, ಅವನು ಅನಾಥ, ಹೇಗೂ ಸಾಯುತ್ತಿದ್ದ ಎಂಬುದು ಅವರ ಸಮರ್ಥನೆ. ಅದು ನಿಜವೇ ಇದ್ದೀತು. ಆದರೂ ಗಮನಿಸಿ: ಚೀಟಿ ಎತ್ತಿದ್ದರೆ ನಾಲ್ವರಿಗೂ ಸಮಾನ ಅಪಾಯವಿರುತ್ತಿತ್ತು. ಲೆಕ್ಕ ಹಾಕಿದವರು ತಮ್ಮನ್ನು ಲೆಕ್ಕದ ಹೊರಗಿಟ್ಟುಕೊಂಡರು. ನ್ಯಾಯಾಲಯ ಇದನ್ನು ಕೊಲೆಯೆಂದೇ ಕರೆಯಿತು. ಮರಣದಂಡನೆ ಮುಂದೆ ಆರು ತಿಂಗಳ ಸೆರೆವಾಸಕ್ಕಿಳಿದರೂ ಆ ತೀರ್ಪು ಸರಿ ಎಂದೇ ನನ್ನ ಅಭಿಪ್ರಾಯ.

ನಮ್ಮ ಜನಪದ ಕಥನಗೀತೆ ‘ಕೆರೆಗೆ ಹಾರ’ದಲ್ಲೂ, ನೀರು ಬಾರದ ಕೆರೆಗೆ ಯಾರನ್ನು ಬಲಿ ಕೊಡುವುದು ಎಂದಾಗ, ಮೊದಲು ಬರುವುದು ಹಿರಿಸೊಸೆಯ ಹೆಸರು. ಮನೆಯ ಹಿರಿತನಕ್ಕೆ ಅವಳು ಬೇಕು ಎಂದಾದ ಮೇಲೆ ಸರದಿ ಕಿರಿಸೊಸೆ ಭಾಗೀರಥಿಯದು. ಅವಳ ಗಂಡ ದಂಡಿನಲ್ಲಿದ್ದಾನೆ, ಬೇಡವೆನ್ನಲು ಅವಳ ಪರವಾಗಿ ಯಾರೂ ಇಲ್ಲ. ಇದನ್ನು ತ್ಯಾಗದ ಕಥೆಯೆಂದು ಹೊಗಳುವವರಿದ್ದಾರೆ. ಆದರೆ ಹಾಡು ಕೆರೆ ತುಂಬಿದಲ್ಲಿಗೆ ಮುಗಿಯುವುದಿಲ್ಲ. ಮರಳಿ ಬಂದ ಗಂಡ ಅದೇ ಕೆರೆಗೆ ಹಾರಿ ಸಾಯುತ್ತಾನೆ. ಒಂದು ಜೀವ ಸಾಕು ಎಂಬ ಲೆಕ್ಕವನ್ನು ಹಾಡೇ ಒಪ್ಪಿದಂತಿಲ್ಲ.

ಕುಲದ ಒಳಿತಿಗಾಗಿ ಒಬ್ಬನನ್ನು ತೊರೆಯಬಹುದು ಎಂಬ ವಿದುರನ ಮಾತನ್ನು ಇಲ್ಲಿ ಕೆಲವರು ಎದುರಿಡಬಹುದು. ಎದುರಿಡಲಿ. ಆದರೆ ವಿದುರ ಅದನ್ನು ಹೇಳಿದ್ದು ಧೃತರಾಷ್ಟ್ರನಿಗೆ, ದುರ್ಯೋಧನನ ವಿಷಯದಲ್ಲಿ. ಅಧಿಕಾರದಲ್ಲಿರುವವನು ತನ್ನದೇ ಮಗನನ್ನು, ಅದೂ ಅನಾಹುತಕ್ಕೆ ಕಾರಣನಾಗುವವನನ್ನು, ಬಿಡಲಿ ಎಂಬ ಕೋರಿಕೆ ಅದು. ಮನೆಯ ದುರ್ಬಲರನ್ನು ಬಿಡು ಎಂದಲ್ಲ.

ಇಷ್ಟಾಗಿಯೂ, ಕೆಲವರಿಗೆ ನಷ್ಟವಾಗದ ಸಾರ್ವಜನಿಕ ನಿರ್ಧಾರವೇ ಇಲ್ಲ ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಶರಾವತಿಯ ವಿದ್ಯುತ್ತು ನಾಡಿಗೆ ಬೇಕಿತ್ತು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಎದ್ದಿತು, ಅದರ ಹಿನ್ನೀರಿನಲ್ಲಿ ಕೆಲವರ ಊರು, ಹೊಲ ಮುಳುಗಿದವು. ಹಲವರಿಗಾಗಿ ಕೆಲವರು ಎಂಬ ಮಾತು ಅಲ್ಲಿ ಸಮಂಜಸವಾಗಿಯೇ ಕೇಳಿಸುತ್ತದೆ. ಆದರೆ ಬೆಳಕು ಪಡೆದ ಹಲವರು ಆ ಕೆಲವರ ಋಣವನ್ನು ತೀರಿಸಿದರೇ? ಹಿನ್ನೀರಿನಾಚೆ ತುಮರಿ ಕಡೆಯ ಜನ ಹೊಳೆ ದಾಟಲು ಲಾಂಚ್‌ಗೆ ಕಾಯುತ್ತಿದ್ದರು. ಸಂಜೆ ಲಾಂಚ್ ನಿಂತ ಮೇಲೆ ಯಾರಿಗಾದರೂ ಹೆರಿಗೆ ನೋವು ಬಂದರೆ ಸುತ್ತುಬಳಸಿನ ಹಾದಿಯೇ ಗತಿಯಾಗಿತ್ತು. ‘ಅನಿವಾರ್ಯ’ ಎಂದು ಅಂದು ಒಪ್ಪಿದ ನಷ್ಟವನ್ನು ಆಮೇಲೆ ನಾವು ಮುಗಿದ ವ್ಯವಹಾರವೆಂದು ಬಗೆದೆವು. ತ್ಯಾಗ ಬೇಡಿದವರಿಗೆ ಹಾಗೆ ಬಗೆಯುವ ಹಕ್ಕಿರಲಿಲ್ಲ ಎಂಬುದು ನನ್ನ ವಾದ, ನೀವು ಒಪ್ಪದಿರಬಹುದು. ಆದರೆ ಆ ಹಿನ್ನೀರನ್ನು ದಾಟಿಸುವ ಸಿಗಂದೂರು ಸೇತುವೆ ಸಂಚಾರಕ್ಕೆ ತೆರೆದದ್ದು 2025ರ ಜುಲೈಯಲ್ಲಿ. ಮುಳುಗಡೆ ಸಂತ್ರಸ್ತರಲ್ಲಿ ಅನೇಕರು ತಾವು ಉಳುತ್ತಿರುವ ಭೂಮಿಯ ಹಕ್ಕುಪತ್ರವನ್ನು ಈಗಲೂ ಕೇಳುತ್ತಿದ್ದಾರೆ.