ಸಹಿ ಹಾಕುವ ಮುನ್ನ ಒಂದು ಪ್ರಶ್ನೆ

ರಾಷ್ಟ್ರಪತಿಗಳ ಸಹಿಯೊಂದು ವಿವಾದಕ್ಕೆ ಸಿಕ್ಕಾಗಲೆಲ್ಲ ದೆಹಲಿಯಿಂದ ಬರುವ ಉತ್ತರ ಒಂದೇ: ಸಂಪುಟ ಹೇಳಿತು, ಅವರು ಸಹಿ ಹಾಕಿದರು, ಅವರಾದರೂ ಏನು ಮಾಡಬೇಕಿತ್ತು? ಈ ಮಾತು ಕೇಳಿ ಕೇಳಿ ನಾವೂ ಒಪ್ಪಿಕೊಂಡುಬಿಟ್ಟಿದ್ದೇವೆ. ಆ ಹುದ್ದೆಗೆ ಹೆಸರುಗಳು ತೇಲಿಬರತೊಡಗಿದರೆ ಅಭ್ಯರ್ಥಿ ಯಾವ ರಾಜ್ಯದವರು, ಯಾವ ಸಮುದಾಯದವರು, ಎಷ್ಟು ಕಷ್ಟಪಟ್ಟು ಮೇಲೆ ಬಂದವರು ಎಂದು ವಾರಗಟ್ಟಲೆ ಚರ್ಚಿಸುತ್ತೇವೆ. ನಡುರಾತ್ರಿ ಒಂದು ಕಾಗದ ಎದುರಿಗೆ ಬಂದರೆ ಇವರು ಏನು ಮಾಡಿಯಾರು ಎಂದು ಮಾತ್ರ ಕೇಳುವುದಿಲ್ಲ. ದ್ರೌಪದಿ ಮುರ್ಮು ಅವರ ಅವಧಿ 2027ರ ಜುಲೈಗೆ ಮುಗಿಯುತ್ತದೆ. ಮುಂದಿನ ಲೆಕ್ಕಾಚಾರವೂ ಇದೇ ಜಾಡಿನಲ್ಲಿ ಸಾಗುತ್ತದೆ ಎನ್ನುವುದಕ್ಕೆ ಜ್ಯೋತಿಷಿ ಬೇಕಿಲ್ಲ.

ನಡುರಾತ್ರಿಯ ಕಾಗದ ಎಂದದ್ದು ಅಲಂಕಾರಕ್ಕಲ್ಲ. 1975ರ ಜೂನ್ 25ರ ರಾತ್ರಿ ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹ್ಮದ್ ಅವರ ಮುಂದೆ ಬಂದ ತುರ್ತು ಪರಿಸ್ಥಿತಿಯ ಘೋಷಣೆ ಅಂಥದೇ ಕಾಗದ. ಸಂಪುಟ ಸಭೆ ನಡೆದಿರಲಿಲ್ಲ. ಸಭೆಗೆ ಸಮಯವಿಲ್ಲ, ಆದ್ದರಿಂದ ಸರ್ಕಾರದ ಕಾರ್ಯಕಲಾಪ ನಿಯಮಗಳ 12ನೇ ನಿಯಮದ ಪ್ರಕಾರ ತಾವೇ ಶಿಫಾರಸು ಮಾಡುತ್ತಿರುವುದಾಗಿ ಇಂದಿರಾ ಗಾಂಧಿ ಬರೆದಿದ್ದರು. ರಾಷ್ಟ್ರಪತಿಗಳ ಕಾರ್ಯದರ್ಶಿ ಕೆ. ಬಾಲಚಂದ್ರನ್ ಆ ಪತ್ರದಲ್ಲಿನ ಸಾಂವಿಧಾನಿಕ ತೊಡಕನ್ನು ಎತ್ತಿ ಹೇಳಿದರು. ಆದರೂ ಮಧ್ಯರಾತ್ರಿಗೆ ಮುನ್ನ ಸಹಿ ಬಿತ್ತು. ಮಂತ್ರಿಗಳಿಗೆ ವಿಷಯ ಗೊತ್ತಾದದ್ದು ಮರುದಿನ ಬೆಳಗ್ಗೆ ಆರಕ್ಕೆ ಕರೆದ ಸಭೆಯಲ್ಲಿ. ಅದೇ ವರ್ಷದ ಡಿಸೆಂಬರಿನಲ್ಲಿ ವ್ಯಂಗ್ಯಚಿತ್ರಕಾರ ಅಬು ಅಬ್ರಹಾಂ, ಸ್ನಾನದ ತೊಟ್ಟಿಯಲ್ಲಿ ಕೂತೇ ಸುಗ್ರೀವಾಜ್ಞೆಗೆ ಸಹಿ ಹಾಕುವ ರಾಷ್ಟ್ರಪತಿಯನ್ನು ಬರೆದರು. ಐವತ್ತು ವರ್ಷವಾದರೂ ಅಹ್ಮದ್ ಅವರ ಹೆಸರಿನ ಜೊತೆ ಆ ಚಿತ್ರವೇ ನೆನಪಾಗುತ್ತದೆ.

ಅಂದು ಅವರು ಏನು ಮಾಡಬಹುದಿತ್ತು? ಬಂಡಾಯ ಏಳಬೇಕಿರಲಿಲ್ಲ. ‘ಸಂಪುಟ ಸೇರಲಿ, ತೀರ್ಮಾನ ಬರಹದಲ್ಲಿ ಬರಲಿ, ಬೆಳಗ್ಗೆ ನೋಡೋಣ’ ಎಂದಿದ್ದರೆ ಸಾಕಿತ್ತು. ಬಹುಶಃ ಸಂಪುಟ ಬೆಳಗ್ಗೆ ತಲೆಯಾಡಿಸುತ್ತಿತ್ತು, ತುರ್ತು ಪರಿಸ್ಥಿತಿ ಬಂದೇ ಬರುತ್ತಿತ್ತು. ಆದರೆ ಹತ್ತಾರು ಮಂತ್ರಿಗಳು ತಮ್ಮ ತಮ್ಮ ಬಾಯಿಂದ ಹೌದು ಎನ್ನಬೇಕಾಗುತ್ತಿತ್ತು. ಸಂವಿಧಾನವನ್ನು ಕಾಪಾಡಿ ರಕ್ಷಿಸುತ್ತೇನೆ ಎಂದು ರಾಷ್ಟ್ರಪತಿ ಪ್ರಮಾಣ ಮಾಡುತ್ತಾರೆ. ಮಂತ್ರಿಗಳ ಪ್ರಮಾಣದಲ್ಲಿ ಇರುವುದು ಸಂವಿಧಾನಕ್ಕೆ ನಿಷ್ಠೆ ಮಾತ್ರ. ಕಾಪಾಡುವ ಹೊಣೆ ಹೊತ್ತವರು ಕನಿಷ್ಠ ಕಾಗದವನ್ನಾದರೂ ಎರಡು ಸಲ ಓದಬೇಡವೇ?

ಕನ್ನಡಿಗರು ಮರೆತಿರುವ ಒಂದು ಪ್ರಸಂಗ ಇಲ್ಲಿದೆ. 1977ರ ಫೆಬ್ರುವರಿಯಲ್ಲಿ ಅಹ್ಮದ್ ತೀರಿಕೊಂಡಾಗ ಹಂಗಾಮಿ ರಾಷ್ಟ್ರಪತಿಯಾದವರು ಜಮಖಂಡಿ ಸೀಮೆಯ ಸಾವಳಗಿಯ ಬಿ.ಡಿ. ಜತ್ತಿ. ಮಾರ್ಚ್ ಚುನಾವಣೆಯಲ್ಲಿ ಗೆದ್ದ ಜನತಾ ಸರ್ಕಾರ ಉತ್ತರ ಪ್ರದೇಶ, ಬಿಹಾರ ಸೇರಿ ಒಂಬತ್ತು ರಾಜ್ಯಗಳ ವಿಧಾನಸಭೆ ವಿಸರ್ಜಿಸಲು ಹೊರಟಿತು. ಲೋಕಸಭೆಯಲ್ಲಿ ಸೋತ ಕಾಂಗ್ರೆಸ್ಸಿಗೆ ಅಲ್ಲಿ ಆಳುವ ಹಕ್ಕಿಲ್ಲ ಎಂಬುದು ಗೃಹಮಂತ್ರಿ ಚರಣ್ ಸಿಂಗ್ ವಾದ. ಜತ್ತಿ ತಕ್ಷಣ ಸಹಿ ಹಾಕಲಿಲ್ಲ. ದೆಹಲಿ ಕೆಂಡವಾಯಿತು. ಕೊನೆಗೆ ಏಪ್ರಿಲ್ 30ರಂದು ಸಹಿ ಹಾಕಿದರು. ಹಿಂಜರಿಕೆಗೆ ಕಾಂಗ್ರೆಸ್ ನಿಷ್ಠೆಯೇ ಕಾರಣವೆಂಬ ಶಂಕೆ ಆಗ ಎದ್ದಿತ್ತು. ಅದು ಪೂರ್ತಿ ನಿರಾಧಾರವೆಂದು ನಾನೂ ಹೇಳಲಾರೆ. ತುರ್ತು ಪರಿಸ್ಥಿತಿಯುದ್ದಕ್ಕೂ ಉಪರಾಷ್ಟ್ರಪತಿಯಾಗಿ ಕೂತಿದ್ದವರು ಅವರೇ. ಆದರೆ ಅವರಿಗಿದ್ದ ಅನುಮಾನ ಸರಿಯಾದದ್ದು. ಲೋಕಸಭೆಯ ಸೋಲಿನಿಂದ ವಿಧಾನಸಭೆ ಸಾಯುವುದಿಲ್ಲ. ಮೂರೇ ವರ್ಷದಲ್ಲಿ, 1980ರ ಫೆಬ್ರುವರಿಯಲ್ಲಿ, ಮತ್ತೆ ಅಧಿಕಾರಕ್ಕೆ ಬಂದ ಇಂದಿರಾ ಅದೇ ವಾದವನ್ನು ಜನತಾದವರ ಮೇಲೆಯೇ ತಿರುಗಿಸಿ ಒಂಬತ್ತು ವಿಧಾನಸಭೆಗಳನ್ನು ಮನೆಗೆ ಕಳಿಸಿದರು. ಆಗ ಸಹಿ ಹಾಕಿದವರು ಜನತಾ ಕಾಲದಲ್ಲಿ ಆಯ್ಕೆಯಾಗಿದ್ದ ನೀಲಂ ಸಂಜೀವ ರೆಡ್ಡಿ.

ಜತ್ತಿ ಹಿಂಜರಿದಾಗ ಸಂವಿಧಾನದಲ್ಲಿ ಅವರಿಗೆ ದಾರಿಯೇ ಇರಲಿಲ್ಲ. 1976ರ 42ನೇ ತಿದ್ದುಪಡಿ, ಸಂಪುಟದ ಸಲಹೆಯಂತೆ ರಾಷ್ಟ್ರಪತಿ ನಡೆಯಲೇಬೇಕು ಎಂದು ಕಟ್ಟಿಹಾಕಿತ್ತು. ತಮಾಷೆಯೆಂದರೆ ಜತ್ತಿಯವರ ಮೇಲೆ ಮುನಿಸಿಕೊಂಡ ಅದೇ ಜನತಾ ಸರ್ಕಾರ 1978ರ 44ನೇ ತಿದ್ದುಪಡಿಯಲ್ಲಿ ಸಲಹೆಯನ್ನು ಒಮ್ಮೆ ಮರುಪರಿಶೀಲನೆಗೆ ಹಿಂತಿರುಗಿಸುವ ಹಕ್ಕನ್ನು ರಾಷ್ಟ್ರಪತಿಗೆ ಕೊಟ್ಟಿತು. ಒಂದೇ ಒಂದು ಸಲ. ಸಂಪುಟ ಅದನ್ನೇ ಮತ್ತೆ ಕಳಿಸಿದರೆ ಒಪ್ಪಲೇಬೇಕು. ರಾಷ್ಟ್ರಪತಿ ಕೇಳಿದ ಮಾಹಿತಿಯನ್ನು ಪ್ರಧಾನಿ ಒದಗಿಸಬೇಕೆಂದು 78ನೇ ವಿಧಿ ಮೊದಲಿನಿಂದಲೂ ಹೇಳುತ್ತದೆ. ಕೇಳುವ ಬಾಯಿದ್ದರೆ ಸಂವಿಧಾನ ಉತ್ತರ ಕೊಡಿಸುತ್ತದೆ. ಹಾಗಾಗಿ ‘ಏನು ಮಾಡಬೇಕಿತ್ತು’ ಎಂಬ ಸಬೂಬು ಆ ತಿದ್ದುಪಡಿಯ ನಂತರ ಸುಳ್ಳು.

ಈ ಸುಳ್ಳಿಗೆ ಬೆಲೆ ತೆತ್ತವರಲ್ಲಿ ನಾವೂ ಇದ್ದೇವೆ. 1989ರ ಏಪ್ರಿಲಿನಲ್ಲಿ ಎಸ್.ಆರ್. ಬೊಮ್ಮಾಯಿ ಸರ್ಕಾರಕ್ಕೆ ಬೆಂಬಲ ವಾಪಸ್ ಪಡೆದಿದ್ದೇವೆ ಎಂಬ 19 ಶಾಸಕರ ಪತ್ರಗಳು ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯ ಅವರ ಕೈಸೇರಿದವು. ಅವರಲ್ಲಿ ಏಳು ಮಂದಿ, ತಪ್ಪು ಹೇಳಿ ಸಹಿ ಪಡೆದರೆಂದು ಕೆಲವೇ ದಿನಗಳಲ್ಲಿ ತಿರುಗಿ ಬರೆದರು. ಬಹುಮತವನ್ನು ಸದನದಲ್ಲೇ ತೋರಿಸುತ್ತೇನೆ, ಅಧಿವೇಶನ ಕರೆಯಿರಿ ಎಂದರು ಬೊಮ್ಮಾಯಿ. ರಾಜ್ಯಪಾಲರು ತಲೆ ಎಣಿಸುವ ಕೆಲಸವನ್ನು ರಾಜಭವನದಲ್ಲೇ ಮುಗಿಸಿ ದೆಹಲಿಗೆ ವರದಿ ಕಳಿಸಿದರು. ಏಪ್ರಿಲ್ 21ರಂದು ರಾಷ್ಟ್ರಪತಿ ಆರ್. ವೆಂಕಟರಾಮನ್ ಸಹಿ ಹಾಕಿದರು. ಕಾನೂನು ಅರೆದು ಕುಡಿದ ಮನುಷ್ಯ ಅವರು. ‘ಸದನ ಯಾಕೆ ಕರೆಯಲಿಲ್ಲ?’ ಎಂದು ಮೂರು ಶಬ್ದ ಬರೆದು ಕಡತ ಹಿಂದಕ್ಕೆ ಕಳಿಸುವ ಹಕ್ಕು ಅವರಿಗಿತ್ತು. ಅದೇ ಮಾತನ್ನು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ ಹೇಳಲು 1994ರ ಮಾರ್ಚ್ ಬರಬೇಕಾಯಿತು. ತೀರ್ಪು ಬೊಮ್ಮಾಯಿ ಹೆಸರಲ್ಲಿ ದೇಶಕ್ಕೆ ದಾರಿ ತೋರಿತು ನಿಜ, ಆದರೆ ಅಷ್ಟರಲ್ಲಿ ಅವರ ಸರ್ಕಾರ ಹೋಗಿ ಐದು ವರ್ಷವಾಗಿತ್ತು.

ಆ ತೀರ್ಪನ್ನು ಓದಿಕೊಂಡ ರಾಷ್ಟ್ರಪತಿ ಸಿಕ್ಕಿದ್ದು 1997ರಲ್ಲಿ. ಉತ್ತರ ಪ್ರದೇಶದಲ್ಲಿ ಕಲ್ಯಾಣ್ ಸಿಂಗ್ ವಿಶ್ವಾಸಮತ ಗೆದ್ದ ಮೇಲೂ ಗುಜ್ರಾಲ್ ಸಂಪುಟ ರಾಷ್ಟ್ರಪತಿ ಆಳ್ವಿಕೆಗೆ ಶಿಫಾರಸು ಮಾಡಿದಾಗ ಕೆ.ಆರ್. ನಾರಾಯಣನ್ ಅದನ್ನು ಹಿಂತಿರುಗಿಸಿದರು. ಸಂಪುಟ ಸುಮ್ಮನಾಯಿತು. ಮರುವರ್ಷ ವಾಜಪೇಯಿ ಸರ್ಕಾರ ಬಿಹಾರದ ರಾಬ್ರಿ ದೇವಿ ಸರ್ಕಾರವನ್ನು ಕಿತ್ತೊಗೆಯಲು ಬಂದಾಗಲೂ ಅವರು ಮಾಡಿದ್ದು ಅದನ್ನೇ. ಮೊದಲನೆಯ ಸಲ ಉಳಿದದ್ದು ಬಿಜೆಪಿ ಸರ್ಕಾರ, ಎರಡನೆಯ ಸಲ ಅದರ ಕಡುವಿರೋಧಿಯದು. ಬಿಹಾರದ ಶಿಫಾರಸು ಮತ್ತೆ ಬಂದಾಗ ಗೊಣಗದೆ ಸಹಿ ಹಾಕಿದರು. ಈ ಹುದ್ದೆಯ ಚಾರಿತ್ರ್ಯವೆಂದರೆ ನನಗೆ ಇಷ್ಟೇ, ಇದಕ್ಕಿಂತ ಹೆಚ್ಚಿನದನ್ನು ನಾನು ಯಾವ ರಾಷ್ಟ್ರಪತಿಯಿಂದಲೂ ಕೇಳುವುದಿಲ್ಲ.

ಎಲ್ಲರೂ ಮೆಚ್ಚುವ ವ್ಯಕ್ತಿಯೂ ಇಲ್ಲಿ ಎಡವಬಹುದು. 2005ರ ಮೇ ತಿಂಗಳಲ್ಲಿ ಬಿಹಾರ ವಿಧಾನಸಭೆ ವಿಸರ್ಜನೆಯ ಕಾಗದ ಫ್ಯಾಕ್ಸಿನಲ್ಲಿ ಮಾಸ್ಕೋಗೆ ಹೋಯಿತು. ಅಬ್ದುಲ್ ಕಲಾಂ ಅಲ್ಲಿಂದಲೇ ಸಹಿ ಹಾಕಿ ಕಳಿಸಿದರು. ಅದು ಅಸಾಂವಿಧಾನಿಕ ಎಂದು ಸುಪ್ರೀಂ ಕೋರ್ಟ್ ಹೇಳಿತು. ರಾಜೀನಾಮೆಯ ಯೋಚನೆ ಬಂದಿತ್ತೆಂದು ಕಲಾಂ ಆಮೇಲೆ ಬರೆದುಕೊಂಡರು. ಮಾಸ್ಕೋದಿಂದ ವಾಪಸ್ ಬರುವವರೆಗೆ ಕಾಯಿರಿ ಎಂದಿದ್ದರೆ ಆ ಯೋಚನೆಯೇ ಬೇಕಿರಲಿಲ್ಲ. ಮರುವರ್ಷ ಲಾಭದಾಯಕ ಹುದ್ದೆಗಳ ಮಸೂದೆಯನ್ನು ಸಂಸತ್ತಿಗೆ ಹಿಂತಿರುಗಿಸಿದವರೂ ಅವರೇ.

2019ರ ನವೆಂಬರ್ 23ರಂದು ಮತ್ತೆ 12ನೇ ನಿಯಮ ಹೊರಬಂತು. ಮಹಾರಾಷ್ಟ್ರದ ರಾಷ್ಟ್ರಪತಿ ಆಳ್ವಿಕೆಯನ್ನು ಬೆಳಗಿನ ಜಾವ 5.47ಕ್ಕೆ ಹಿಂತೆಗೆಯಲಾಯಿತು, ಸಂಪುಟ ಸಭೆಯಿಲ್ಲದೆ. ಎಂಟರ ಹೊತ್ತಿಗೆ ದೇವೇಂದ್ರ ಫಡಣವೀಸ್ ಪ್ರಮಾಣವಚನವೂ ಆಗಿತ್ತು. ಆ ಸರ್ಕಾರ ನಾಲ್ಕು ದಿನವೂ ಬಾಳಲಿಲ್ಲ. ತುರ್ತು ಪರಿಸ್ಥಿತಿಯ ಕರಾಳತೆಯನ್ನು ಪ್ರತಿ ಜೂನಿನಲ್ಲೂ ನೆನಪಿಸುವ ಪಕ್ಷಕ್ಕೆ ಆ ರಾತ್ರಿಯ ನಿಯಮ ಇಷ್ಟು ಬೇಗ ಒಗ್ಗಿಹೋಯಿತಲ್ಲ! ರಾಮನಾಥ್ ಕೋವಿಂದ್ ಅವರಿಗೆ ಸೂರ್ಯೋದಯದವರೆಗೆ ಕಾಯಲು ಏನು ಅಡ್ಡಿಯಿತ್ತು?

ಹಾಗೆಂದು ಕಡತದ ಮೇಲೆ ಕೂತುಬಿಡುವುದೂ ಚಾರಿತ್ರ್ಯವಲ್ಲ. 1986ರ ಅಂಚೆ ಮಸೂದೆಗೆ ಜೈಲ್ ಸಿಂಗ್ ಸಹಿಯನ್ನೂ ಹಾಕಲಿಲ್ಲ, ಹಿಂತಿರುಗಿಸಲೂ ಇಲ್ಲ. ಜನರ ಪತ್ರ ಒಡೆದು ಓದಲು ಬಿಡುವ ಕಾನೂನು ತಪ್ಪಿತೆಂದು ಖುಷಿಪಟ್ಟವರು ಬಹಳ. ನನಗೆ ಆ ಖುಷಿ ಅರ್ಧದಷ್ಟೇ: ಇಂದು ಒಳ್ಳೆಯದಕ್ಕೆ ಬಳಸಿದ ಮೌನ ನಾಳೆ ರಾಜ್ಯಗಳ ಮಸೂದೆಯ ಕುತ್ತಿಗೆಗೆ ಬೀಳುತ್ತದೆ. ರಾಜ್ಯಪಾಲರು ಕಳಿಸಿಕೊಟ್ಟ ಮಸೂದೆಗೆ ಮೂರು ತಿಂಗಳ ಗಡುವನ್ನು ಸುಪ್ರೀಂ ಕೋರ್ಟ್ 2025ರ ಏಪ್ರಿಲಿನಲ್ಲಿ ಹಾಕಿತ್ತು. ರಾಷ್ಟ್ರಪತಿಗಳೇ ಕಳಿಸಿದ 14 ಪ್ರಶ್ನೆಗಳಿಗೆ ಉತ್ತರಿಸುತ್ತ ನವೆಂಬರಿನಲ್ಲಿ ಸಂವಿಧಾನ ಪೀಠ ಗಡುವು ಸಲ್ಲದು ಎಂದಿತು. ಗುತ್ತಿಗೆಯಲ್ಲಿ ಮುಸ್ಲಿಮರಿಗೆ ಶೇ 4 ಮೀಸಲಾತಿಯ ಕರ್ನಾಟಕದ ಮಸೂದೆಯೂ ಅದೇ ಏಪ್ರಿಲಿನಲ್ಲಿ ರಾಷ್ಟ್ರಪತಿಗಳ ಪರಿಶೀಲನೆಗೆ ಕಾದಿರಿಸಲ್ಪಟ್ಟಿತು. ಆ ಮಸೂದೆ ಸರಿಯೋ ತಪ್ಪೋ, ಅದು ಬೇರೆ ಜಗಳ. ಬೇಡವೆಂದಾದರೆ ಕಾರಣ ಬರೆದು ಬೇಡವೆನ್ನಲಿ. ಉತ್ತರ ಬಾರದ ಮಸೂದೆಗೆ ಕೋರ್ಟಿನ ಗಡುವು ಇರಲಾರದಿದ್ದರೆ ರಾಷ್ಟ್ರಪತಿಗಳು ತಮಗೆ ತಾವೇ ಒಂದು ಗಡುವು ಹಾಕಿಕೊಂಡು ಪ್ರಕಟಿಸಬಹುದು. ಅದಕ್ಕೆ ಯಾರ ಸಲಹೆಯೂ ಬೇಕಿಲ್ಲ.

ಒಂದು ತೂತನ್ನು ಮಾತ್ರ ಸಂಸತ್ತೇ ಮುಚ್ಚಬೇಕು. ಸಂಪುಟದ ಲಿಖಿತ ತೀರ್ಮಾನವಿಲ್ಲದೆ ತುರ್ತು ಪರಿಸ್ಥಿತಿ ಘೋಷಿಸುವಂತಿಲ್ಲ ಎಂದು 44ನೇ ತಿದ್ದುಪಡಿ 352ನೇ ವಿಧಿಗೆ ಬೀಗ ಹಾಕಿತು. ರಾಜ್ಯ ಸರ್ಕಾರಗಳನ್ನು ಉರುಳಿಸುವ 356ನೇ ವಿಧಿಗೆ ಆ ಬೀಗ ಹಾಕಲೇ ಇಲ್ಲ. ಅಲ್ಲಿ ಇಂದಿಗೂ 12ನೇ ನಿಯಮ ತೋರಿಸಿ ಬೆಳಗಿನ ಜಾವ ಸಹಿ ಪಡೆಯಬಹುದು. ವಿರೋಧ ಪಕ್ಷದಲ್ಲಿ ಕೂತಾಗ ಕಾಂಗ್ರೆಸ್ಸಾಗಲಿ ಬಿಜೆಪಿಯಾಗಲಿ ಈ ಬೀಗವನ್ನು ಕೇಳಿಲ್ಲ, ಏಕೆಂದರೆ ಇವತ್ತಲ್ಲ ನಾಳೆ ಕೀಲಿಕೈ ತಮ್ಮ ಕೈಗೆ ಬರುತ್ತದೆಂಬ ಆಸೆ ಇಬ್ಬರಿಗೂ ಇದೆ.