ಮಿಕ್ಕ ಹಣ ಯಾರ ಹಕ್ಕು?

ಬ್ಯಾಂಕಿನವರು ಗೋಡೆಗೆ ನೋಟೀಸು ಅಂಟಿಸಿ ಹೋದ ದಿನದಿಂದಲೇ ಆ ಮನೆಯವರು ಮೊಹಲ್ಲಾದಲ್ಲಿ ತಲೆತಗ್ಗಿಸಿ ಓಡಾಡತೊಡಗುತ್ತಾರೆ. ಹರಾಜಾದ ಮೇಲಂತೂ ಬಾಡಿಗೆ ಕೋಣೆಗೋ ನೆಂಟರ ಊರಿಗೋ ಸದ್ದಿಲ್ಲದೆ ಹೊರಟುಹೋಗುತ್ತಾರೆ. ಹೋದವರ ಬಗ್ಗೆ ನಾವು ಆಡುವ ಮಾತು ಒಂದೇ: ‘ಸಾಲ ಮಾಡಿದ್ದರು, ಮನೆ ಹೋಯಿತು.’ ಮನೆ ಎಷ್ಟಕ್ಕೆ ಹೋಯಿತು, ಸಾಲ ಎಷ್ಟಿತ್ತು, ಮಿಕ್ಕಿದ್ದು ಯಾರ ಕೈ ಸೇರಿತು ಎಂದು ನಾವು ಕೇಳುವುದಿಲ್ಲ. ನಾಚಿಕೆಯಿಂದ ಸಾಲಗಾರನೂ ಕೇಳುವುದಿಲ್ಲ.

ಲೆಕ್ಕ ಸರಳವಾದದ್ದು. ಬಡ್ಡಿ ಸೇರಿ 12 ಲಕ್ಷ ಬಾಕಿ ಇತ್ತೆನ್ನಿ. ಮನೆ 20 ಲಕ್ಷಕ್ಕೆ ಹರಾಜಾಯಿತು. ನೋಟೀಸು, ಜಾಹೀರಾತುಗಳ ಖರ್ಚು 50 ಸಾವಿರ. ಉಳಿದ ಏಳೂವರೆ ಲಕ್ಷ ಯಾರದು? ಆ ಮನೆಯ ಮೇಲೆ ಬೇರೆ ಸಾಲದ ಹಕ್ಕಿಲ್ಲದಿದ್ದರೆ, ಅದು ಪೈಸೆ ಪೈಸೆಯೂ ಮನೆ ಕಳೆದುಕೊಂಡವರದು. ಮನೆ ಹೆಂಡತಿಯ ಹೆಸರಿನಲ್ಲಿದ್ದರೆ ಅವಳದು. ಅಡಮಾನ ಎಂದರೆ ಸಾಲಕ್ಕೆ ಕೊಟ್ಟ ಭದ್ರತೆಯೇ ಹೊರತು ಬ್ಯಾಂಕಿಗೆ ಮಾಡಿಕೊಟ್ಟ ದಾನಪತ್ರವಲ್ಲ.

ಇದು ಕಾನೂನಿನ ಮಾತು. 1872ರ ಕರಾರು ಕಾಯ್ದೆಯ 176ನೇ ಕಲಮು ಗಿರವಿ ವಸ್ತು ಮಾರಿ ಮಿಕ್ಕ ಹಣವನ್ನು ಅದನ್ನು ಇಟ್ಟವನಿಗೆ ಕೊಡಬೇಕೆನ್ನುತ್ತದೆ. ಸ್ಥಿರಾಸ್ತಿಯ ವಿಷಯದಲ್ಲಿ 1882ರ ಆಸ್ತಿ ವರ್ಗಾವಣೆ ಕಾಯ್ದೆಯ 69ನೇ ಕಲಮೂ ಅದನ್ನೇ ಹೇಳುತ್ತದೆ. ಬ್ಯಾಂಕುಗಳು ಕೋರ್ಟಿಗೆ ಹೋಗದೆ ಮನೆ ಮಾರಲು ಬಳಸುವ 2002ರ ಸರ್ಫೇಸಿ ಕಾಯ್ದೆಯ 13(7)ನೇ ಕಲಮು ಇನ್ನೂ ಸ್ಪಷ್ಟ: ಮಾರಾಟದ ಹಣ ಬ್ಯಾಂಕಿನ ಕೈಯಲ್ಲಿ ವಿಶ್ವಾಸದ ನಿಧಿಯಾಗಿರುತ್ತದೆ, ಮೊದಲು ಖರ್ಚು, ಆಮೇಲೆ ಬಾಕಿ, ಉಳಿದದ್ದು ಹಕ್ಕುದಾರನಿಗೆ.

ಹಾಗಿದ್ದರೆ ತಕರಾರೇನು? ಈ ಕಾಯ್ದೆ, ಅದರ ನಿಯಮಗಳು ಎಲ್ಲರಿಗೂ ದಿನ ಎಣಿಸುತ್ತವೆ. ಸಾಲ ತೀರಿಸಲು ನೋಟೀಸು ಕೊಟ್ಟು 60 ದಿನ. ಮೊದಲ ಹರಾಜಿಗೆ 30 ದಿನದ ನೋಟೀಸು. ಬ್ಯಾಂಕಿನ ಕ್ರಮವನ್ನು ಸಾಲ ವಸೂಲಾತಿ ನ್ಯಾಯಮಂಡಳಿಯಲ್ಲಿ ಪ್ರಶ್ನಿಸಲು 45 ದಿನ. ಆದರೆ ಮಿಕ್ಕ ಹಣ ಕೊಡಲು ಬ್ಯಾಂಕಿಗೆ ಎಷ್ಟು ದಿನ? 13(7) ಒಂದು ದಿನವನ್ನೂ ನಮೂದಿಸಿಲ್ಲ. ತಡಮಾಡಿದರೆ ಇಷ್ಟು ಬಡ್ಡಿ ಎಂದೂ ಹೇಳಿಲ್ಲ. ಸಾಲಗಾರ ಒಂದು ಕಂತು ತಪ್ಪಿದರೆ ಬಡ್ಡಿ ಓಡುತ್ತದೆ; ಬ್ಯಾಂಕು ತಡಮಾಡಿದರೆ ಗಡಿಯಾರವೇ ನಿಲ್ಲುತ್ತದೆ! ಸಾಲದೆಂಬಂತೆ, ‘ಬೇರೆ ಕರಾರು ಇಲ್ಲದಿದ್ದಲ್ಲಿ’ ಎಂಬ ಒಂದು ಮಾತನ್ನೂ ಅದೇ ಕಲಮಿನಲ್ಲಿ ಸೇರಿಸಿಟ್ಟಿದ್ದಾರೆ. ಓದಲು ಬಾರದ ಭಾಷೆಯ ನಲವತ್ತು ಪುಟಕ್ಕೆ ಸಹಿ ಹಾಕಿದವನ ಕರಾರಿನಲ್ಲಿ ಏನಿದೆಯೆಂದು ಅವನಿಗೇನು ಗೊತ್ತು?

ಇದು ಆಗದ ಕೆಲಸವೆಂದು ಯಾರೂ ಹೇಳುವಂತಿಲ್ಲ. ಚಿನ್ನದ ಸಾಲದ ಬಗ್ಗೆ ರಿಜರ್ವ್ ಬ್ಯಾಂಕು 2025ರ ಜೂನ್‌ನಲ್ಲಿ ಹೊರಡಿಸಿದ ನಿರ್ದೇಶನ ಹರಾಜಿನ ಪೂರ್ತಿ ಹಣ ಬಂದ 7 ಕೆಲಸದ ದಿನಗಳೊಳಗೆ ಮಿಕ್ಕಿದ್ದನ್ನು ಹಿಂದಿರುಗಿಸಬೇಕೆಂದಿತು. ಹರಾಜಿನ ಲೆಕ್ಕವನ್ನೂ ಒಪ್ಪಿಸಬೇಕೆಂದಿತು. ಬಳೆಗೆ ಇರುವ ಗಡುವು ಮನೆಗೇಕಿಲ್ಲ?

ಇನ್ನು ನಮ್ಮ ಮನೆಯ ಮಾತು. ‘ಬಡ್ಡಿಯ ಸಾಲ ಹರಾಮ್, ಮಾಡಿದ್ದುಣ್ಣಲಿ’ ಎಂದು ಕೈತೊಳೆದುಕೊಳ್ಳುವವರು ನಮ್ಮಲ್ಲಿ ಬಹಳ. ಬಡ್ಡಿ ತಪ್ಪೆನ್ನುವುದು ಸರಿ. ಆದರೆ ಅದಕ್ಕಾಗಿ ಒಬ್ಬನ ಹಖ್ ಮುಳುಗಲಿ ಎನ್ನಲು ಯಾವ ಧರ್ಮ ಹೇಳಿದೆ? ಗಡುವು ಮೀರಿದರೆ ಅಡವಿಟ್ಟ ವಸ್ತು ಪೂರ್ತಿ ಸಾಲ ಕೊಟ್ಟವನದೇ ಆಗುವ ಪದ್ಧತಿ ಇಸ್ಲಾಮಿಗೆ ಮೊದಲಿನ ಅರೇಬಿಯಾದಲ್ಲಿತ್ತು. ಪ್ರವಾದಿಯವರು ಅದನ್ನು ತಡೆದರು. ಅವರ ಯುದ್ಧಕವಚವೇ ಮದೀನಾದ ಯಹೂದಿಯೊಬ್ಬರ ಬಳಿ ಜವೆಗೋಧಿಗಾಗಿ ಅಡವಿತ್ತು. ಸಾಲಗಾರನನ್ನು ಅಪರಾಧಿಯಂತೆ ನೋಡುವ ಮೊದಲು ನಾವು ಇದನ್ನು ನೆನೆಯಬೇಕು.

ಆದ್ದರಿಂದ ನಾವು ಕೇಳುವುದು ಇಷ್ಟು. ಮನೆಯ ಹರಾಜಿಗೂ 7 ದಿನದ ಗಡುವು ಬರಲಿ. ತಡವಾದರೆ ಸಾಲಕ್ಕೆ ಹಾಕಿದ ದರದಲ್ಲೇ ಬಡ್ಡಿ ಕೊಡಲಿ. ‘ಬೇರೆ ಕರಾರು’ ಎಂಬ ಮಾತನ್ನು ಕಾಯ್ದೆಯಿಂದ ಕಿತ್ತುಹಾಕಲಿ. ಅಲ್ಲಿಯವರೆಗೆ ಮನೆ ಕಳೆದುಕೊಂಡವರು ಬ್ಯಾಂಕಿಗೆ ಬರವಣಿಗೆಯಲ್ಲಿ ಅರ್ಜಿ ಕೊಟ್ಟು ಮೂರು ಲೆಕ್ಕ ಕೇಳಲಿ: ಮಾರಿದ ಬೆಲೆ, ಹಿಡಿದುಕೊಂಡ ಖರ್ಚು, ಜಮಾ ಮಾಡಿಕೊಂಡ ಬಾಕಿ. ಹೊಸ ವಿಳಾಸವನ್ನೂ ಅದರಲ್ಲೇ ಬರೆಯಲಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ರಿಜರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ದೂರು ಕೊಡಬಹುದು, ಅದಕ್ಕೆ ಶುಲ್ಕವಿಲ್ಲ. ಬರೆಯಲು ಬಾರದವರಿಗೆ ಬರೆದುಕೊಡುವುದು ಮೊಹಲ್ಲಾದ ಓದಿದ ಹುಡುಗರ ಕೆಲಸ, ಜಮಾಅತಿನ ಕೆಲಸ.

ನಮ್ಮ ಮನೆಮಾತಿನಲ್ಲಿ ಅಮಾನತ್ ಎಂದರೆ ನಂಬಿ ಇಟ್ಟದ್ದು, ಕೇಳದಿದ್ದರೂ ಹಿಂದಿರುಗಿಸಬೇಕಾದದ್ದು. ಕನ್ನಡ ಪತ್ರಿಕೆಗಳಲ್ಲಿ ಅದೇ ಮಾತಿಗೆ ಕೆಲಸದಿಂದ ದೂರವಿಡುವುದು ಎಂಬ ಅರ್ಥ. ಕಾಯ್ದೆ ಮೊದಲನೆಯ ಅರ್ಥದಲ್ಲಿ ಕೊಟ್ಟ ಹಕ್ಕನ್ನು ಬ್ಯಾಂಕುಗಳು ಎರಡನೆಯ ಅರ್ಥದಲ್ಲಿ ಇಟ್ಟುಕೊಳ್ಳಲು ನಾವು ಬಿಡಬಾರದು.