ಸುಮಾತ್ರದ ಎಣ್ಣೆ, ಚಳ್ಳಕೆರೆಯ ಶೇಂಗಾ

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯನ್ನು ನಾಡಿನ ಜನ ಬಹುಮಟ್ಟಿಗೆ ಅಶೋಕನ ಶಾಸನದಿಂದಲೇ ಬಲ್ಲರು. ಅದೇ ಬೆಟ್ಟದ ತಪ್ಪಲಿನಲ್ಲಿ 1947ರಲ್ಲಿ ಪುರಾತತ್ತ್ವ ಇಲಾಖೆಯ ಮಹಾನಿರ್ದೇಶಕರಾಗಿದ್ದ ಮಾರ್ಟಿಮರ್ ವೀಲರ್ ಅಗೆಸಿದ ಗುಂಡಿಗಳಲ್ಲಿ, ಎರಡು ವರ್ಷಗಳ ಹಿಂದೆ ಪುದುಚೇರಿಯ ಬಳಿಯ ಅರಿಕಮೇಡಿನಲ್ಲಿ ಇಟಲಿಯ ಮಣ್ಪಾತ್ರೆಗಳ ಜೊತೆಯಲ್ಲಿಯೇ ಅವರಿಗೆ ಕಾಣಸಿಕ್ಕಿದ್ದ, ಒಳಮೈಯಲ್ಲಿ ಸುತ್ತುಸುತ್ತಾಗಿ ಚುಕ್ಕೆಯ ಚಿತ್ತಾರವುಳ್ಳ ಅದೇ ಜಾತಿಯ ನುಣುಪು ಮಡಕೆಯ ಚೂರುಗಳು ದೊರೆತುವು. ಪಶ್ಚಿಮದ ಹಡಗುಗಳೊಡನೆ ವ್ಯವಹರಿಸುತ್ತಿದ್ದ ಕರಾವಳಿಗೂ, ಎರಡು ಕಡಲುಗಳಿಂದಲೂ ದೂರವಾಗಿರುವ ಈ ಬಂಡೆನಾಡಿಗೂ ಕ್ರಿಸ್ತಶಕದ ಆರಂಭಕಾಲದಲ್ಲಿಯೇ ಕೊಳುಕೊಡೆಯಿತ್ತೆಂಬುದಕ್ಕೆ ಆ ಚೂರುಗಳು ಸಾಕ್ಷಿಯಾದುವು. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಸಿಕ್ಕಿದ ರೋಮನ್ ನಾಣ್ಯಗಳು ಅದನ್ನು ಇನ್ನಷ್ಟು ದೃಢಪಡಿಸಿದುವು. ಕಡಲಾಚೆಯ ವ್ಯಾಪಾರವೆಂಬುದು ಬಂದರಿನ ಊರುಗಳ ಸೊತ್ತು, ಬಯಲುಸೀಮೆಗೆ ಅದರ ಗೊಡವೆಯಿಲ್ಲ ಎನ್ನುವ ಮಾತನ್ನು ಈ ನೆಲವೇ ಒಪ್ಪುವುದಿಲ್ಲ.

ಇಂದು ಈ ಸೀಮೆಯ ಬಾಳು ಹೆಣೆದುಕೊಂಡಿರುವುದು ಬಂಗಾಳ ಕೊಲ್ಲಿಯ ಆಚೆಗಿರುವ ಇಂಡೋನೇಷ್ಯಾ ಮಲೇಷ್ಯಾಗಳೊಡನೆ. ರಾಜ್ಯದ ಅತ್ಯಲ್ಪ ಮಳೆಯ ತಾಲ್ಲೂಕುಗಳಲ್ಲಿ ಒಂದಾದ ಚಳ್ಳಕೆರೆಯ ಕೆಂಪು ಮರಳುನೆಲವು ಮನಸಾರೆ ಒಪ್ಪಿಕೊಂಡ ಬೆಳೆಯೆಂದರೆ ಶೇಂಗಾ. ಅದೂ ಒಂದು ಕಾಲಕ್ಕೆ ದಕ್ಷಿಣ ಅಮೆರಿಕದಿಂದ ಸಮುದ್ರ ದಾಟಿ ಬಂದುದೇ. ಆ ಶೇಂಗಾದ ಬಲದಿಂದ ಊರಿನ ಸುತ್ತ ಎಣ್ಣೆಯ ಮಿಲ್ಲುಗಳು ಸಾಲುಗಟ್ಟಿ ಎದ್ದು, ಎಣ್ಣೆಯ ವಹಿವಾಟಿನಲ್ಲಿ ಬೊಂಬಾಯಿಯನ್ನು ಬಿಟ್ಟರೆ ಚಳ್ಳಕೆರೆಯೇ ಎಂದು ಜನ ಅಭಿಮಾನದಿಂದ ಹೇಳಿಕೊಳ್ಳುವ ಕಾಲವೊಂದಿತ್ತು. ಸುಗ್ಗಿಯಲ್ಲಿ ಮಾರುಕಟ್ಟೆಯ ಅಂಗಳಕ್ಕೆ ಹೋದವರಿಗೆ ಆ ಕಾಲದ ನಡೆ ಈಗಲೂ ಕಾಣಸಿಗುತ್ತದೆ: ಖರೀದಿದಾರನು ರಾಶಿಯ ಒಳಗೆ ಮೊಣಕೈವರೆಗೆ ಕೈಯಿಳಿಸಿ, ಅಡಿಯಿಂದ ಒಂದು ಹಿಡಿ ಕಾಯಿ ತೆಗೆದು, ಹೆಬ್ಬೆರಳಿನಿಂದ ಒಡೆದು, ಕಾಳು ಎಷ್ಟು ತುಂಬಿದೆ, ಜೊಳ್ಳು ಎಷ್ಟು, ತೇವ ಎಷ್ಟು ಎಂಬುದನ್ನು ಕ್ಷಣಾರ್ಧದಲ್ಲಿ ಎಣಿಸಿ, ಬೀಜವೊಂದನ್ನು ಬಾಯಿಗೆ ಹಾಕಿಕೊಂಡು ಬೆಲೆ ಹೇಳುತ್ತಾನೆ. ಆತನ ಬಾಯಿಂದ ಹೊರಡುವ ಬೆಲೆಯಲ್ಲಿ ಆ ಕಾಯಿಯ ಗುಣದ ಪಾಲೆಷ್ಟೋ, ಆ ದಿನ ಮಂಗಳೂರಿನ ಬಂದರಿಗೆ ಬಂದಿಳಿದ ತಾಳೆ ಎಣ್ಣೆಯ ದರದ ಪಾಲೂ ಅಷ್ಟೇ ಇರುತ್ತದೆ.

ಈ ಸ್ಥಿತಿ ತಾನಾಗಿ ಒದಗಿದುದಲ್ಲ. 1986ರಲ್ಲಿ ಕೇಂದ್ರ ಸರ್ಕಾರವು ಎಣ್ಣೆಕಾಳುಗಳ ತಂತ್ರಜ್ಞಾನ ಮಿಷನ್ನನ್ನು ಆರಂಭಿಸಿದಾಗ ದೇಶದ ಎಣ್ಣೆಕಾಳಿನ ಉತ್ಪನ್ನ ವರ್ಷಕ್ಕೆ ಸುಮಾರು 108 ಲಕ್ಷ ಟನ್ ಇದ್ದಿತು. 1998–99ರ ವೇಳೆಗೆ ಅದು 247 ಲಕ್ಷ ಟನ್ನಿಗೆ ಏರಿತು. 1990ರ ದಶಕದ ಮೊದಲ ವರ್ಷಗಳಲ್ಲಿ ನಾವು ತಿನ್ನುವ ಎಣ್ಣೆಯೆಲ್ಲ ಹೆಚ್ಚುಕಡಿಮೆ ನಮ್ಮ ನೆಲದ್ದೇ ಆಗಿದ್ದಿತು. ಚಳ್ಳಕೆರೆಯ ಮಿಲ್ಲುಗಳ ಗದ್ದಲಕ್ಕೆ, ಹೊರಗಿನ ಎಣ್ಣೆಯ ಪೈಪೋಟಿಯಿಲ್ಲದಾಗ ಶೇಂಗಾಕ್ಕೆ ಸಿಗುತ್ತಿದ್ದ ಬೆಲೆಯ ಆಸರೆಯೇ ಮೂಲ. 1994ರಲ್ಲಿ ತಾಳೆ ಎಣ್ಣೆಯ ಆಮದನ್ನು ಸರ್ಕಾರಿ ಸಂಸ್ಥೆಯ ಕೈಯಿಂದ ಬಿಡಿಸಿ, ಶೇಕಡ 65ರ ಸುಂಕದೊಡನೆ ಖಾಸಗಿ ವರ್ತಕರಿಗೆ ಮುಕ್ತಗೊಳಿಸಲಾಯಿತು. ನಾಲ್ಕೇ ವರ್ಷಗಳಲ್ಲಿ ಆ ಸುಂಕ ಶೇಕಡ 15ಕ್ಕೆ ಇಳಿಯಿತು. ಇಂದು ದೇಶವು ವರ್ಷಕ್ಕೆ ಸುಮಾರು 1.6 ಕೋಟಿ ಟನ್ ಖಾದ್ಯತೈಲವನ್ನು, ಎಂದರೆ ತನ್ನ ಬಳಕೆಯ ಅರ್ಧಕ್ಕೂ ಮೀರಿದ ಭಾಗವನ್ನು, ಹೊರಗಿನಿಂದ ತರಿಸಿಕೊಳ್ಳುತ್ತಿದೆ; ಅದರಲ್ಲಿ ದೊಡ್ಡ ಪಾಲು ಸುಮಾತ್ರ, ಬೋರ್ನಿಯೊ ದ್ವೀಪಗಳ ಮತ್ತು ಮಲಯಾ ಪರ್ಯಾಯದ್ವೀಪದ ತಾಳೆಯ ತೋಟಗಳದು. ಚಳ್ಳಕೆರೆಯಲ್ಲಿ ಎಷ್ಟೋ ಮಿಲ್ಲುಗಳು ಬಾಗಿಲು ಮುಚ್ಚಿದುವು; ಉಳಿದವುಗಳಲ್ಲಿ ಹಲವು ಎಣ್ಣೆ ತೆಗೆಯುವುದನ್ನು ಬಿಟ್ಟು ಶೇಂಗಾ ಸುಲಿದು ಬೀಜ ಮಾರುವುದಕ್ಕೆ ತಿರುಗಿಕೊಂಡುವು.

ಇಷ್ಟಾದರೂ ಬಂದರಿನ ಬಾಗಿಲನ್ನು ಮುಚ್ಚಿಬಿಡಿರೆಂದು ಕೇಳುವ ಗುಂಪಿಗೆ ನಾನು ಸೇರಿದವನಲ್ಲ. ಒಂದು ಹೆಕ್ಟೇರು ತಾಳೆ ತೋಟವು ವರ್ಷಕ್ಕೆ ಮೂರು ನಾಲ್ಕು ಟನ್ ಎಣ್ಣೆ ಕೊಡಬಲ್ಲುದು. ಮಳೆಯನ್ನೇ ನಂಬಿದ ನಮ್ಮ ಶೇಂಗಾ ಹೊಲವು ಅದರ ಸಣ್ಣದೊಂದು ಅಂಶವನ್ನೂ ಕಷ್ಟದಿಂದ ಕೊಡುತ್ತದೆ. ಕೂಲಿಯ ಮನೆಯ ಒಗ್ಗರಣೆಗೆ ಅಗ್ಗದ ಎಣ್ಣೆ ಬೇಕೆಂಬುದನ್ನು ಅಲ್ಲಗಳೆಯುವವನು ಆ ಮನೆಯ ಅಡಿಗೆಯನ್ನು ಕಂಡವನಲ್ಲ. ಅಲ್ಲದೆ, ಎಲ್ಲ ತಪ್ಪನ್ನೂ ಆಗ್ನೇಯ ಏಷ್ಯಾದ ದೇಶಗಳೊಡನೆ ಮಾಡಿಕೊಂಡ ಆಸಿಯಾನ್ ಒಪ್ಪಂದದ ತಲೆಗೆ ಕಟ್ಟುವುದು ನ್ಯಾಯವೂ ಅಲ್ಲ. 2009ರಲ್ಲಿ ಸಹಿಯಾಗಿ 2010ರ ಜನವರಿಯಿಂದ ಜಾರಿಗೆ ಬಂದ ಆ ಒಪ್ಪಂದವು ಕಚ್ಚಾ ತಾಳೆ ಎಣ್ಣೆಯ ಸುಂಕವನ್ನು ಹಂತಹಂತವಾಗಿ ಶೇಕಡ 37.5ಕ್ಕೆ ಇಳಿಸಬೇಕೆಂದಿತೇ ಹೊರತು, ಅದಕ್ಕಿಂತ ಕೆಳಗೆ ಹೋಗಬೇಕೆಂದು ಕಟ್ಟುಮಾಡಲಿಲ್ಲ. 2021ರ ಅಕ್ಟೋಬರಿನಲ್ಲಿ ಮೂಲಸುಂಕವನ್ನು ಸೊನ್ನೆಗೆ ಇಳಿಸಿದುದು ದೆಹಲಿಯ ಸ್ವಂತ ತೀರ್ಮಾನ. ಜಕಾರ್ತದವರು ಅದಕ್ಕೆ ಹೊಣೆಗಾರರಲ್ಲ.

ನನ್ನ ತಕರಾರು ಸುಂಕದ ಪ್ರಮಾಣವನ್ನು ಕುರಿತದ್ದಲ್ಲ, ಅದರ ಕಾಲವನ್ನು ಕುರಿತದ್ದು. ಈಚಿನ ಎರಡು ನಿರ್ಧಾರಗಳನ್ನು ನಮ್ಮ ಸೀಮೆಯ ಪಂಚಾಂಗದ ಪಕ್ಕದಲ್ಲಿಟ್ಟು ನೋಡಿ. 2024ರ ಸೆಪ್ಟೆಂಬರ್ 14ರಿಂದ ಕಚ್ಚಾ ಎಣ್ಣೆಗಳ ಮೇಲಿನ ಮೂಲಸುಂಕ ಸೊನ್ನೆಯಿಂದ ಶೇಕಡ 20ಕ್ಕೆ ಏರಿತು. ಇತರ ಕರಗಳೂ ಸೇರಿ ಒಟ್ಟು ಹೊರೆ ಶೇಕಡ 27.5 ಆಯಿತು. ಆ ಹೊತ್ತಿಗೆ ಚಳ್ಳಕೆರೆಯ ಹೊಲಗಳಲ್ಲಿ ಶೇಂಗಾ ಆಗಲೇ ಕಾಯಿಗಟ್ಟಿತ್ತು. ಈ ಏರಿಕೆಯ ಸುದ್ದಿ ಕೇಳಿ ಒಂದು ಎಕರೆಯನ್ನಾದರೂ ಹೆಚ್ಚಾಗಿ ಬಿತ್ತುವ ಅವಕಾಶ ಯಾರಿಗೂ ಇರಲಿಲ್ಲ. ಮರುವರ್ಷ, 2025ರ ಮೇ 28ರಂದು ಸರ್ಕಾರವು ಮುಂಗಾರಿನ ಕನಿಷ್ಠ ಬೆಂಬಲ ಬೆಲೆಗಳನ್ನು ಸಾರಿ, ಶೇಂಗಾಕ್ಕೆ ಕ್ವಿಂಟಾಲಿಗೆ ಹಿಂದಿನ ವರ್ಷದ 6,783 ರೂಪಾಯಿಯ ಬದಲು 7,263 ರೂಪಾಯಿ ಎಂದು ಗೊತ್ತುಮಾಡಿತು. ಎರಡು ದಿನಗಳು ಕಳೆಯುವುದರೊಳಗೆ, ಮೇ 30ರಂದು, ಅದೇ ಸರ್ಕಾರವು ಎಣ್ಣೆಯ ಮೂಲಸುಂಕವನ್ನು ಶೇಕಡ 20ರಿಂದ 10ಕ್ಕೆ ತಗ್ಗಿಸಿತು. ಒಂದು ಕೈಯಿಂದ ರೈತನನ್ನು ಬಿತ್ತನೆಗೆ ಕರೆದು, ಮತ್ತೊಂದು ಕೈಯಿಂದ ಆತನ ಬೆಳೆಗೆ ಎದುರಾಳಿಯಾದ ಸರಕಿಗೆ ದಾರಿ ಸಲೀಸುಮಾಡಿಕೊಟ್ಟುದು ಎರಡು ಬೇರೆ ಬೇರೆ ಸಚಿವಾಲಯಗಳ ಕಡತಗಳಲ್ಲಿ ಸರಿಯಾಗಿಯೇ ಕಂಡಿರಬಹುದು; ಬಿತ್ತನೆಬೀಜಕ್ಕೆ ಸಾಲ ಎತ್ತಿ, ಜೂನಿನ ಹದಮಳೆಗೆ ಕಾದು ಕುಳಿತವನಿಗೆ ಅದು ಸರಿಯಾಗಿ ಕಾಣುವುದೆಂತು? ಬೇರೆ ಬೆಳೆಯತ್ತ ತಿರುಗೋಣವೆಂದರೆ, ಒಂದು ಸೋನೆ ತಪ್ಪಿದರೆ ಬರಗಾಲವಾಗುವ ಈ ನೆಲದಲ್ಲಿ ಆತನಿಗೆ ಆಯ್ಕೆಗಳೂ ಬಹಳವಿಲ್ಲ.

ಆಚೆ ದಡದವರು ತಮ್ಮ ಹಿತವನ್ನು ಮೊದಲು ನೋಡಿಕೊಳ್ಳಲು ಹಿಂಜರಿಯುವವರಲ್ಲ. 2022ರ ಏಪ್ರಿಲ್ 28ರಂದು ಇಂಡೋನೇಷ್ಯಾವು ತನ್ನ ಜನರಿಗೆ ಎಣ್ಣೆ ದುಬಾರಿಯಾಯಿತೆಂದು ತಾಳೆ ಎಣ್ಣೆಯ ರಫ್ತನ್ನೇ ನಿಷೇಧಿಸಿ, ಮೇ 23ರವರೆಗೆ ಬಾಗಿಲು ತೆರೆಯಲಿಲ್ಲ. ಉಕ್ರೇನಿನ ಯುದ್ಧದಿಂದ ಸೂರ್ಯಕಾಂತಿ ಎಣ್ಣೆಯೂ ಕೊರೆಯಾಗಿದ್ದ ಆ ದಿನಗಳಲ್ಲಿ ನಮ್ಮ ಪಟ್ಟಣಗಳ ದಿನಸಿ ಅಂಗಡಿಗಳಲ್ಲಿ ಎಣ್ಣೆಯ ಪಾಕೀಟಿನ ಬೆಲೆ ಏರಿದುದನ್ನು ಯಾರೂ ಮರೆತಿಲ್ಲ. ಅವರ ನಡೆಯಲ್ಲಿ ನಾನು ದೋಷ ಕಾಣುವುದಿಲ್ಲ. ತಮ್ಮ ಜನರನ್ನು ಅವರು ನೆನೆದರು. ಆದರೆ ಅಂಥ ದಿನ ಬಂದಾಗ ಕೈಹಿಡಿಯುವುದು ಊರಿನ ಮಿಲ್ಲೇ ಎಂಬುದನ್ನು ಮರೆತು, ಮಿಕ್ಕ ದಿನಗಳಲ್ಲಿ ಅದನ್ನು ನಂದಿಹೋಗಲು ಬಿಡುವುದು ವಿವೇಕವಲ್ಲ.

ಇನ್ನು, ಈ ಸಂಬಂಧವು ಒಂದೇ ದಿಕ್ಕಿನದೆಂದು ತಿಳಿಯಬಾರದು. ಎಣ್ಣೆ ಅಲ್ಲಿಂದ ಬರುತ್ತಿರುವಂತೆಯೇ ಶೇಂಗಾ ಬೀಜ ಇಲ್ಲಿಂದ ಹೋಗುತ್ತಿದೆ; ಭಾರತದ ಶೇಂಗಾವನ್ನು ಕೊಳ್ಳುವ ದೇಶಗಳಲ್ಲಿ ಇಂಡೋನೇಷ್ಯಾ ಮುಂಚೂಣಿಯಲ್ಲಿದೆ, ವಿಯೆಟ್ನಾಂ, ಮಲೇಷ್ಯಾ, ಫಿಲಿಪೈನ್ಸ್‌ಗಳೂ ಕೊಳ್ಳುತ್ತವೆ. ಅಲ್ಲಿ ಅದು ಎಣ್ಣೆಗಲ್ಲ, ತಿಂಡಿಗೆ. ಹುರಿದ ಬೀಜ, ಚಟ್ನಿ, ಸಾಸ್ ಇವೆಲ್ಲಕ್ಕೆ ತೂಕದ ಬೀಜಕ್ಕಿಂತ ಶುಚಿಯಾದ ಬೀಜ ಮುಖ್ಯ. ಇಲ್ಲಿ ನಮ್ಮ ಪಕ್ಷದ ದೋಷವನ್ನೂ ಹೇಳದೆ ವಿಧಿಯಿಲ್ಲ. ಕಾಯಿ ಸುಲಿಯುವ ಯಂತ್ರದಲ್ಲಿ ಬೀಜ ಒಡೆದು ಬೇಳೆಯಾಗದಿರಲೆಂದು, ಯಂತ್ರಕ್ಕೆ ಹಾಕುವ ಮುನ್ನ ರಾಶಿಯ ಮೇಲೆ ನೀರು ಚಿಮುಕಿಸುವ ರೂಢಿ ನಮ್ಮಲ್ಲಿ ಬಹುಕಾಲದಿಂದ ಉಂಟು. ಬೀಜ ಇಡಿಯಾಗಿ ಉಳಿಯುತ್ತದೆ, ತೂಕವೂ ಒಂದಿಷ್ಟು ಕೂಡುತ್ತದೆ. ಆದರೆ ಆ ತೇವದಲ್ಲಿ ಬೂಷ್ಟು ಹುಟ್ಟಿ, ಅಫ್ಲಟಾಕ್ಸಿನ್ ಎಂಬ, ಯಕೃತ್ತಿಗೆ ಮಾರಕವಾದ ವಿಷವು ಕಣ್ಣಿಗೆ ಕಾಣದಂತೆ ಸೇರಿಕೊಳ್ಳುತ್ತದೆ. ಸುಗ್ಗಿಯ ಮುನ್ನ ಮಳೆ ಕೈಕೊಟ್ಟು ಗಿಡ ಬಾಡಿದ್ದರಂತೂ ಹೊಲದಲ್ಲಿಯೇ ಅದರ ಬೀಜಾಂಕುರವಾಗಿರುತ್ತದೆ. ಐರೋಪ್ಯ ಒಕ್ಕೂಟವು ನೇರವಾಗಿ ತಿನ್ನುವ ಶೇಂಗಾದಲ್ಲಿ ಕಿಲೋಗ್ರಾಮಿಗೆ 4 ಮೈಕ್ರೋಗ್ರಾಮಿಗಿಂತ ಹೆಚ್ಚು ಅಫ್ಲಟಾಕ್ಸಿನ್ನನ್ನು ಒಪ್ಪುವುದಿಲ್ಲ. 2025ರ ಸೆಪ್ಟೆಂಬರಿನಲ್ಲಿ ಇಂಡೋನೇಷ್ಯಾ ಕೂಡ ಇದೇ ಕಾರಣವನ್ನು ಮುಂದಿಟ್ಟು ಭಾರತದ ಶೇಂಗಾ ಆಮದನ್ನು ತಡೆಹಿಡಿಯಿತು. ನಮ್ಮ ಸುಗ್ಗಿ ಮಾರುಕಟ್ಟೆಗೆ ಬರಲು ತಿಂಗಳೊಪ್ಪತ್ತು ಉಳಿದಿದ್ದಾಗ ಬಂದ ತಡೆ ಅದು. ಯಾರದೋ ಗೋದಾಮಿನ ತೇವಕ್ಕೆ ಕಾಯಿಯನ್ನು ಬಿಸಿಲಿನಲ್ಲಿ ಗಲಗಲ ಎನ್ನುವವರೆಗೆ ಒಣಗಿಸಿ ತಂದ ರೈತನೂ ದಂಡ ತೆತ್ತನು.

ಬಂಡವಾಳದ ಪ್ರಶ್ನೆ ಬರುವುದು ಇಲ್ಲಿಯೇ. ಕಡಲಾಚೆಯಿಂದ ನಮಗೆ ಸರಕು ಮಾತ್ರ ಬಂದಿಲ್ಲ, ಹಣವೂ ಬಂದಿದೆ. ಸಿಂಗಪುರದ ವಿಲ್ಮಾರ್ ಸಂಸ್ಥೆಯು 1999ರಲ್ಲಿ ಅದಾನಿಯವರೊಡನೆ ಕೂಡಿ ಕಟ್ಟಿದ ಎಣ್ಣೆಯ ಉದ್ಯಮವು ಇಂದು ದೇಶದ ಮನೆಮನೆಯ ಅಡಿಗೆಮನೆಯನ್ನು ಮುಟ್ಟಿದೆ. ಆದರೆ ಕಚ್ಚಾ ಎಣ್ಣೆಯನ್ನು ಹಡಗಿನಿಂದ ಇಳಿಸಿ ಅಲ್ಲಿಯೇ ಶುದ್ಧಿಮಾಡುವುದು ಅಗ್ಗವಾದ್ದರಿಂದ ಆ ಬಂಡವಾಳವೆಲ್ಲ ಬಂದರುಗಳ ಮಗ್ಗುಲಲ್ಲಿಯೇ ನೆಲೆನಿಂತಿತು; ಘಟ್ಟ ಹತ್ತಿ ಒಳನಾಡಿಗೆ ಬರುವ ಪ್ರಮೇಯ ಅದಕ್ಕೆ ಒದಗಲಿಲ್ಲ. ವ್ಯಾಪಾರವು ಎರಡು ದೇಶಗಳನ್ನು ಹತ್ತಿರ ತಂದರೂ, ಹೂಡಿಕೆಯು ಒಳನಾಡಿನ ಊರನ್ನು ಆ ಹತ್ತಿರದಿಂದ ಹೊರಗಿಟ್ಟಿತು. ಚಳ್ಳಕೆರೆಗೆ ಬೇಕಾಗಿರುವುದು ದೊಡ್ಡ ಕಾರ್ಖಾನೆಯೇನಲ್ಲ. ನೀರು ಚಿಮುಕಿಸದೆಯೇ ಬೀಜ ಒಡೆಯದಂತೆ ಸುಲಿಯುವ ಯಂತ್ರಗಳು, ತೇವವನ್ನು ಅಳೆದು ಕಾಯಿಯನ್ನು ಒಳಗೆ ಬಿಟ್ಟುಕೊಳ್ಳುವ ಗೋದಾಮುಗಳು, ಬಣ್ಣ ನೋಡಿ ಕೆಟ್ಟ ಬೀಜವನ್ನು ಬೇರ್ಪಡಿಸುವ ಯಂತ್ರಗಳು, ಕೊಳ್ಳುವ ದೇಶವೂ ಒಪ್ಪುವಂಥ ಒಂದು ಪರೀಕ್ಷಾಲಯ. ಇಷ್ಟಿದ್ದರೆ ಇಲ್ಲಿಯ ಬೀಜ ತನ್ನ ಹೆಸರಿನಿಂದಲೇ ಹೊರಗೆ ಹೋಗಬಲ್ಲುದು. ಅಂಥ ಹೂಡಿಕೆ ಮಾಡುವವನಾದರೂ ಮೊದಲು ಕೇಳುವುದು ಮುಂದಿನ ಐದು ವರ್ಷ ಈ ಊರಿನಲ್ಲಿ ಶೇಂಗಾ ಬೆಳೆಯುತ್ತಾರೆಯೇ ಎಂಬ ಪ್ರಶ್ನೆಯನ್ನು. ಸುಂಕವು ಗಳಿಗೆಗೊಂದು ಬಣ್ಣ ತಾಳುವವರೆಗೆ ಆ ಪ್ರಶ್ನೆಗೆ ಉತ್ತರ ಕೊಡಬಲ್ಲವರಿಲ್ಲ.

ಮೊಳಕಾಲ್ಮೂರಿನ ಕಥೆ ತುಸು ಬೇರೆ. ಅಲ್ಲಿ ಒಂದೇ ತಾಲ್ಲೂಕಿನಲ್ಲಿ ಹಿಪ್ಪುನೇರಳೆ ಬೆಳೆದು ಹುಳು ಸಾಕುವವರೂ ಇದ್ದಾರೆ, ಗುಂಡಿಮಗ್ಗದಲ್ಲಿ ಕುಳಿತು ಭೌಗೋಳಿಕ ಸೂಚಿಯ ಮಾನ್ಯತೆ ಪಡೆದ ಸೀರೆ ನೇಯುವವರೂ ಇದ್ದಾರೆ. ಚೀನಾದ ರೇಷ್ಮೆ ಅಗ್ಗವಾಗಿ ಬಂದರೆ ಗೂಡು ಬೆಳೆಯುವವನಿಗೆ ಏಟು. ದುಬಾರಿಯಾದರೆ, ಮಗ್ಗದ ಹಾಸುನೂಲಿಗೆ ಏಕಸಮನಾದ ಗಟ್ಟಿ ಎಳೆ ಬೇಕೆನ್ನುವ ನೇಕಾರನಿಗೆ ಏಟು. ಕಚ್ಚಾ ರೇಷ್ಮೆಯ ಸುಂಕವನ್ನು 2011ರ ಮುಂಗಡಪತ್ರವು ಶೇಕಡ 30ರಿಂದ ಒಮ್ಮೆಗೇ 5ಕ್ಕೆ ಇಳಿಸಿತು. ಗೂಡಿನ ಬೆಲೆ ಕುಸಿಯಿತು. 2013ರಲ್ಲಿ ಅದನ್ನು ಮತ್ತೆ 15ಕ್ಕೆ ಏರಿಸಲಾಯಿತು. ಹಿಪ್ಪುನೇರಳೆಯ ಗಿಡವಾದರೋ ಒಮ್ಮೆ ನೆಟ್ಟರೆ ಹತ್ತಾರು ವರ್ಷ ನಿಲ್ಲುವಂಥದು. 2011ರಲ್ಲಿ ಅದನ್ನು ಕಿತ್ತವನು 2013ರ ಏರಿಕೆಯಿಂದ ಏನು ಪಡೆದನು? ಸುಂಕ ಎಷ್ಟಿರಬೇಕೆಂಬ ವಾದದಲ್ಲಿ ಗೂಡಿನವನೂ ಮಗ್ಗದವನೂ ಎದುರುಬದುರಾಗಿ ನಿಲ್ಲಬಹುದು; ಅದು ಮೊದಲೇ ತಿಳಿದಿರಬೇಕೆಂಬುದರಲ್ಲಿ ಇಬ್ಬರದೂ ಒಂದೇ ಮಾತು.

ಆದ್ದರಿಂದ ನನ್ನ ಸೂಚನೆ ಬಹು ಸರಳ. ಮೇ ತಿಂಗಳಲ್ಲಿ ಬೆಂಬಲ ಬೆಲೆಯನ್ನು ಸಾರುವ ಅದೇ ದಿನ, ಅದೇ ಪ್ರಕಟಣೆಯಲ್ಲಿ, ಮುಂದಿನ ಜನವರಿಯವರೆಗೆ ಎಣ್ಣೆಯ ಸುಂಕ ಯಾವ ಮಟ್ಟಕ್ಕಿಂತ ಕೆಳಗಿಳಿಯದೆಂಬುದನ್ನೂ ಸರ್ಕಾರ ಸಾರಲಿ. ಬಿತ್ತನೆಯಿಂದ ಸುಗ್ಗಿಯ ಮಾರಾಟ ಮುಗಿಯುವವರೆಗಿನ ಅವಧಿ ಅದು. ನಡುವೆ ಎಣ್ಣೆ ದುಬಾರಿಯಾದರೆ ಬಡವರನ್ನು ಕಾಯುವುದಕ್ಕೆ ನ್ಯಾಯಬೆಲೆ ಅಂಗಡಿಗಳಿವೆ. ಅವುಗಳ ಮೂಲಕ ತಾಳೆ ಎಣ್ಣೆಯನ್ನು ಕಡಿಮೆ ಬೆಲೆಗೆ ಹಂಚಿದ ಅನುಭವ ನಮ್ಮ ರಾಜ್ಯಕ್ಕೇ ಉಂಟು. ಎಲ್ಲರಿಗೂ ಸುಂಕವಿಳಿಸುವುದಕ್ಕಿಂತ ಬೇಕಾದವರಿಗೆ ರಿಯಾಯಿತಿ ಕೊಡುವುದು ಬೊಕ್ಕಸಕ್ಕೂ ಹಗುರ. ಆಸಿಯಾನ್ ಒಪ್ಪಂದದ ಮರುಪರಿಶೀಲನೆಯನ್ನು ಎರಡು ಕಡೆಯವರೂ ಕೈಗೆತ್ತಿಕೊಂಡಿದ್ದಾರೆ; ಅಲ್ಲಿ ನಮ್ಮ ಪರೀಕ್ಷಾಲಯದ ಪ್ರಮಾಣಪತ್ರವನ್ನು ಜಕಾರ್ತದ ಬಂದರು ಒಪ್ಪಬೇಕೆಂಬ ಮಾತನ್ನೂ, ಶೇಂಗಾಕ್ಕೆ ತಡೆಯೊಡ್ಡುವ ಮುನ್ನ ಇಂತಿಷ್ಟು ದಿನಗಳ ಮುನ್ಸೂಚನೆ ಕೊಡಬೇಕೆಂಬ ಮಾತನ್ನೂ ನಮ್ಮವರು ಎತ್ತಬೇಕು. ಚಿತ್ರದುರ್ಗದ ಸಂಸದರೂ ಚಳ್ಳಕೆರೆ, ಮೊಳಕಾಲ್ಮೂರು ಕ್ಷೇತ್ರಗಳ ಶಾಸಕರೂ ಪಕ್ಷಭೇದವನ್ನು ಬದಿಗಿಟ್ಟು ಮುಂದಿನ ಬಿತ್ತನೆಯೊಳಗೆ ದೆಹಲಿಯಲ್ಲಿ ಕೇಳಬೇಕಾದುದು ಇದನ್ನೇ.